ವೇಲ್ಸ್ ಹಳ್ಳಿಗಳ ಕೊಲೆ ಕತೆಗಳು, ಹೊಸ್ತಿಲಲ್ಲಿ ನಿಂತ ಪತ್ತೇದಾರರು

ಪತ್ತೇದಾರಿ ಕಾದಂಬರಿಗಳಲ್ಲಿ ನನಗೆ ತುಂಬಾ ಹತ್ತಿರವಾದ ಒಂದು ಸಣ್ಣ ಗುಂಪಿದೆ. ಕತೆ ನಡೆಯುವುದು ವೇಲ್ಸ್‌ನ ಯಾವುದಾದರೂ ಹಳ್ಳಿಯಲ್ಲಿ. ಕೊಲೆಗಾರನನ್ನು ಹುಡುಕುವವರು ದೊಡ್ಡ ಪೊಲೀಸ್ ಅಧಿಕಾರಿಯೂ ಅಲ್ಲ, ದುಡ್ಡು ತೆಗೆದುಕೊಂಡು ಕೆಲಸ ಮಾಡುವ ಖಾಸಗಿ ಪತ್ತೇದಾರರೂ ಅಲ್ಲ. ಊರಲ್ಲಿ ಬೇರೆ ಏನೋ ಕೆಲಸ ಮಾಡಿಕೊಂಡಿರುವ ಒಬ್ಬರು. ಇಂಥ ಕತೆಗಳಿಗೆ ಕೋಝಿ ಮಿಸ್ಟರಿ ಅಂತಾರೆ. ಇವುಗಳಲ್ಲಿ ರಕ್ತ ಕಡಿಮೆ, ಊರು ಜಾಸ್ತಿ. ಕೊಲೆ ನಮ್ಮ ಕಣ್ಣಿಗೆ ಕಾಣದ ಹಾಗೆ ನಡೆದುಹೋಗಿರುತ್ತದೆ. ಪುಟದ ತುಂಬ ಇರುವುದು ಚಹಾ, ಮಳೆ, ಚಾಪೆಲ್ (ಊರಿನ ಸಣ್ಣ ಚರ್ಚು), ಕುರಿ, ಹಳೇ ಜಗಳ, ಮತ್ತೆ ಬೇಕಾದಷ್ಟು ಮಾತು.

ಇವನ್ನೆಲ್ಲ ಹೊತ್ತು ಕಳೆಯುವ ಓದು ಅಂತ ಪಕ್ಕಕ್ಕೆ ಸರಿಸುವವರಿದ್ದಾರೆ. ನನಗೆ ಹಾಗನ್ನಿಸಿಲ್ಲ. ಒಂದು ಊರಲ್ಲಿ ಯಾರು ಯಾರ ಮನೆಗೆ ಹೋಗಬಹುದು, ಯಾರು ಬಂದರೆ ಮಾತು ನಿಲ್ಲುತ್ತದೆ, ಯಾವ ಜಗಳ ಅಜ್ಜನ ಕಾಲದ್ದು ಅನ್ನೋದನ್ನು ಇಷ್ಟು ಹತ್ತಿರದಿಂದ ನೋಡುವ ಕತೆಗಳು ಜಾಸ್ತಿ ಇಲ್ಲ. ವೇಲ್ಸ್‌ನಲ್ಲಂತೂ ಇದಕ್ಕೆ ಇನ್ನೊಂದು ಗಂಟು ಸೇರಿಕೊಳ್ಳುತ್ತದೆ. ಅಲ್ಲಿ ಊರು ಒಂದೇ, ಭಾಷೆ ಎರಡು. 2021ರ ಜನಗಣತಿಯಲ್ಲಿ ವೆಲ್ಷ್ ಮಾತಾಡಬಲ್ಲೆವು ಅಂದವರು ಸುಮಾರು 5 ಲಕ್ಷ 38 ಸಾವಿರ ಜನ, ಶೇಕಡ 17.8. ಆದರೆ ವಾಯವ್ಯದ ಗ್ವಿನೆಥ್ ಕೌಂಟಿಯಲ್ಲಿ ಇದೇ ಲೆಕ್ಕ ಶೇಕಡ 64.4. ಅಂದರೆ ಬೆಟ್ಟದ ಊರುಗಳಲ್ಲಿ ಅದು ಈಗಲೂ ಅಂಗಡಿಯ ಭಾಷೆ, ಶಾಲೆಯ ಭಾಷೆ, ಜಗಳದ ಭಾಷೆ. ಅಂಥ ಊರಲ್ಲಿ ಕೊಲೆಯಾದರೆ ಸಾಕ್ಷಿ ಹೇಳುವವರು ಯಾವ ಭಾಷೆಯಲ್ಲಿ ಹೇಳುತ್ತಾರೆ, ಕೇಳುವವರಿಗೆ ಎಷ್ಟು ತಿಳಿಯುತ್ತದೆ? ನನ್ನ ಪ್ರಕಾರ ಈ ಕಾದಂಬರಿಗಳ ಜೀವ ಈ ಪ್ರಶ್ನೆಯಲ್ಲೇ ಇದೆ. ಅದನ್ನು ಗಟ್ಟಿಯಾಗಿ ಹಿಡಿದವು ಒಳ್ಳೆಯ ಕಾದಂಬರಿಗಳಾಗಿವೆ. ಬಿಟ್ಟವು ಬರೀ ಅಂದದ ಚಿತ್ರಗಳಾಗಿ ಉಳಿದಿವೆ.

ಇತ್ತೀಚಿನ ಒಂದು ಸರಣಿಯಿಂದ ಶುರು ಮಾಡುತ್ತೇನೆ. ಎಲಿಜಬೆತ್ ಜೆ. ಡಂಕನ್ ಕೆನಡಾದ ಲೇಖಕಿ. ಅವರ ಪೆನ್ನಿ ಬ್ರ್ಯಾನಿಗನ್ ಸರಣಿಯ ಮೊದಲ ಪುಸ್ತಕ ಬಂದಿದ್ದು 2009ರಲ್ಲಿ. ಪೆನ್ನಿಯೂ ಕೆನಡಾದವಳೇ. ಹರೆಯದಲ್ಲಿ ಬೆನ್ನಿಗೆ ಚೀಲ ಹಾಕಿಕೊಂಡು ಊರು ಸುತ್ತುತ್ತಾ ಉತ್ತರ ವೇಲ್ಸ್‌ನ ಒಂದು ಪುಟ್ಟ ಪೇಟೆಗೆ ಬಂದವಳು ಅಲ್ಲೇ ಉಳಿದುಬಿಟ್ಟಿದ್ದಾಳೆ. ಉಗುರಿಗೆ ಬಣ್ಣ ಹಚ್ಚಿ ಅಂದ ಮಾಡಿಕೊಡುವ ಅಂಗಡಿ ಇಟ್ಟುಕೊಂಡಿದ್ದಾಳೆ. ಬಿಡುವಾದಾಗ ಜಲವರ್ಣದ ಚಿತ್ರ ಬರೆಯುತ್ತಾಳೆ. ಮೊದಲ ಕತೆಯಲ್ಲಿ ಮದುವೆಯ ದಿನವೇ ಮದುಮಗಳು ಕಾಣೆಯಾಗುತ್ತಾಳೆ. ಆ ಬೆಳಗ್ಗೆ ಅವಳು ಉಗುರು ಮಾಡಿಸಿಕೊಳ್ಳಲು ಪೆನ್ನಿಯ ಅಂಗಡಿಗೆ ಹೋಗಿದ್ದಳು ಅಂತ ಎಲ್ಲರಿಗೂ ಗೊತ್ತು.

ಉಗುರಿನ ಅಂಗಡಿ ಎಂಥ ಒಳ್ಳೆಯ ಜಾಗ ಯೋಚಿಸಿ ನೋಡಿ. ಬಂದವರು ಎದುರಿಗೆ ಕೂರುತ್ತಾರೆ. ಎರಡೂ ಕೈ ನಿಮ್ಮ ವಶದಲ್ಲಿ. ಫೋನ್ ಮುಟ್ಟುವ ಹಾಗಿಲ್ಲ, ಎದ್ದು ಹೋಗುವ ಹಾಗಿಲ್ಲ. ಬಣ್ಣ ಒಣಗುವವರೆಗೆ ಮಾತಾಡದೆ ಬೇರೆ ದಾರಿಯಿಲ್ಲ. ಕೈ ಕೂಡ ಒಂದಷ್ಟು ಹೇಳುತ್ತದೆ. ತೋಟದ ಮಣ್ಣು, ಕಚ್ಚಿದ ಉಗುರು, ಉಂಗುರ ತೆಗೆದಿಟ್ಟ ಗುರುತು, ಪಾತ್ರೆ ತೊಳೆದು ಒಣಗಿದ ಚರ್ಮ. ಪೊಲೀಸರು ಬಂದು ಪ್ರಶ್ನೆ ಕೇಳಿದರೆ ಊರು ಬಾಯಿ ಮುಚ್ಚಿಕೊಳ್ಳುತ್ತದೆ. ಪೆನ್ನಿ ಪ್ರಶ್ನೆಯನ್ನೇ ಕೇಳಬೇಕಿಲ್ಲ. ಹವ್ಯಾಸಿ ಪತ್ತೇದಾರರ ಕತೆಗಳಲ್ಲಿ ನಾನು ಮೊದಲು ನೋಡುವುದು ಇದನ್ನೇ. ಈ ವ್ಯಕ್ತಿಗೆ ಮನೆಮನೆಯ ಒಳಗೆ ಹೋಗುವುದಕ್ಕೆ ನಿಜವಾದ ಕಾರಣ ಇದೆಯಾ? ಅಂಚೆಯವರು, ಪಾದ್ರಿ, ನರ್ಸು, ಹಾಲಿನವರು ಇವರಿಗೆಲ್ಲ ಇರುತ್ತದೆ. ಕಾರಣವಿಲ್ಲದೆ ಸುಮ್ನೆ ಕುತೂಹಲಕ್ಕೆ ಮೂಗು ತೂರಿಸುವವರ ಕತೆಯನ್ನು ಹೆಚ್ಚು ಹೊತ್ತು ನಂಬುವುದು ಕಷ್ಟ.

ಪೆನ್ನಿಯ ಊರು ಕಲ್ಪನೆಯದ್ದು. ಆದರೆ ಅದಕ್ಕೆ ಮಾದರಿ ಕಾನ್ವಿ ಕಣಿವೆಯ ಲ್ಯಾನ್‌ರೂಸ್ಟ್ ಅನ್ನೋ ಸಂತೆ ಪೇಟೆ. ತಂಗಿ ಮ್ಯಾಂಚೆಸ್ಟರ್‌ನಲ್ಲಿದ್ದಾಗ ನಾವಿಬ್ಬರೂ ಅಲ್ಲಿಗೆ ಹೋಗಿದ್ದೆವು. ಲ್ಯಾಂಡಡ್ನೋ ಜಂಕ್ಷನ್‌ನಲ್ಲಿ ಸಣ್ಣ ರೈಲು ಹತ್ತಿದರೆ ಅದು ನದಿಯ ಪಕ್ಕದಲ್ಲೇ ಒಳಗೆ ಒಳಗೆ ಹೋಗುತ್ತದೆ. ಕೊನೆಯ ನಿಲ್ದಾಣ ಸ್ಲೇಟ್ ಗಣಿಗಳ ಬ್ಲೈನೈ ಫೆಸ್ಟಿನಿಯೋಗ್. ಲ್ಯಾನ್‌ರೂಸ್ಟ್‌ನಲ್ಲಿ ಕಾನ್ವಿ ನದಿಗೆ ಮೂರು ಕಮಾನಿನ ಕಲ್ಲು ಸೇತುವೆ ಇದೆ, 1636ರದ್ದು. ನಡುವಿನಲ್ಲಿ ಎಷ್ಟು ಏರಿದೆ ಅಂದರೆ ಆಚೆಯಿಂದ ಬರುವ ಗಾಡಿ ಕಾಣುವುದೇ ಇಲ್ಲ. ಸೇತುವೆ ದಾಟಿದರೆ ಬಳ್ಳಿ ಮುಚ್ಚಿದ ಹಳೆಯ ಚಹಾ ಮನೆ. ಶರತ್ಕಾಲದಲ್ಲಿ ಆ ಬಳ್ಳಿ ಪೂರ್ತಿ ಕೆಂಪಾಗುತ್ತದೆ. ಕೋಝಿ ಕಾದಂಬರಿಯ ಮುಖಪುಟಕ್ಕೆ ಇದಕ್ಕಿಂತ ಬೇರೇನು ಬೇಕು ಅನ್ನಿಸುವಂಥ ಜಾಗ.

ನನ್ನ ಮನಸ್ಸಿನಲ್ಲಿ ಉಳಿದಿರುವುದು ಮಾತ್ರ ಒಂದು ಬ್ರೆಡ್ ಅಂಗಡಿ. ಒಳಗೆ ಇಬ್ಬರು ಹೆಂಗಸರು ಜೋರಾಗಿ, ನಗುತ್ತಾ ವೆಲ್ಷ್‌ನಲ್ಲಿ ಮಾತಾಡುತ್ತಿದ್ದರು. ನಾವು ಬಾಗಿಲು ತಳ್ಳಿ ಒಳಗೆ ಹೋದ ಕೂಡಲೇ ಇಂಗ್ಲಿಷಿಗೆ ಬಂದರು. ನಮ್ಮ ಮೇಲಿನ ಮರ್ಯಾದೆಗೆ, ಪ್ರೀತಿಯಿಂದಲೇ. ಹವಾಮಾನದ ಮಾತು ಬಂತು, ಎಲ್ಲಿಂದ ಬಂದಿರಿ ಅಂತ ಕೇಳಿದರು. ಆದರೆ ಅಷ್ಟು ಹೊತ್ತು ಅವರು ಏನನ್ನು ಹೇಳಿ ನಗುತ್ತಿದ್ದರೋ ಅದು ಅಲ್ಲಿಗೇ ನಿಂತುಹೋಯಿತು. ಹೊರಗಿನವರ ಕಿವಿಗೆ ಬೀಳುವುದು ಅತಿಥಿಗಳಿಗೆ ಅಂತ ಬಡಿಸಿದ ಮಾತು. ಪತ್ತೇದಾರಳಿಗೆ ಬೇಕಾದದ್ದು ಅದಕ್ಕೂ ಹಿಂದಿನ ಮಾತು, ಅಲ್ವಾ?

ಈ ಕಷ್ಟವನ್ನು ಎಲ್ಲರಿಗಿಂತ ಚೆನ್ನಾಗಿ ಕತೆಗೆ ಇಳಿಸಿದವರು ಎಲಿಸ್ ಪೀಟರ್ಸ್. ಅವರ ನಿಜವಾದ ಹೆಸರು ಈಡಿತ್ ಪಾರ್ಜಿಟರ್. ವೇಲ್ಸ್ ಗಡಿಗೆ ಅಂಟಿಕೊಂಡ ಇಂಗ್ಲೆಂಡಿನ ಶ್ರಾಪ್‌ಶೈರ್‌ನಲ್ಲಿ 1913ರಲ್ಲಿ ಹುಟ್ಟಿ, 1995ರಲ್ಲಿ ಅಲ್ಲೇ ತೀರಿಕೊಂಡರು. ಅವರ ಪತ್ತೇದಾರ ಬ್ರದರ್ ಕ್ಯಾಡ್‌ಫೈಲ್ 12ನೇ ಶತಮಾನದ ಸನ್ಯಾಸಿ. ಶ್ರೂಸ್‌ಬರಿಯ ಮಠದಲ್ಲಿ ಮೂಲಿಕೆ ತೋಟ ನೋಡಿಕೊಳ್ಳುತ್ತಾನೆ, ಮದ್ದು ಅರೆಯುತ್ತಾನೆ. ಹುಟ್ಟಿದ್ದು ಮಾತ್ರ ವೇಲ್ಸ್‌ನ ಟ್ರೆವ್ರಿಯು ಅನ್ನೋ ಹಳ್ಳಿಯಲ್ಲಿ. ನಕ್ಷೆ ತೆಗೆದು ನೋಡಿದರೆ ಟ್ರೆವ್ರಿಯು ಇರುವುದು ಲ್ಯಾನ್‌ರೂಸ್ಟ್‌ನಿಂದ ನದಿಯ ಆಚೆ, ನಡೆದು ಹೋಗುವಷ್ಟು ಹತ್ತಿರ. ಉಗುರಿನ ಅಂಗಡಿಯ ಪೆನ್ನಿಗೂ ಮೂಲಿಕೆ ತೋಟದ ಸನ್ಯಾಸಿಗೂ ನಡುವೆ ಎಂಟುನೂರಕ್ಕೂ ಹೆಚ್ಚು ವರ್ಷ, ಆದರೆ ಕಣಿವೆ ಒಂದೇ. ಇದು ಗೊತ್ತಾದಾಗ ನನಗಾದ ಖುಷಿ ಅಷ್ಟಿಷ್ಟಲ್ಲ.

ಕ್ಯಾಡ್‌ಫೈಲ್ ಕತೆಗಳನ್ನು ಕೋಝಿ ಅನ್ನಬಹುದಾ ಅಂತ ಕೆಲವರು ವಾದ ಮಾಡುತ್ತಾರೆ. ಯುದ್ಧ ಇದೆ, ನೇಣು ಇದೆ, ಹಸಿವು ಇದೆ. ಆದರೂ ಈ ಬಗೆಯ ಕತೆಗಳಿಗೆಲ್ಲ ಇವನೇ ಹಿರಿಯಣ್ಣ ಅಂತ ನನ್ನ ನಂಬಿಕೆ. ಒಟ್ಟು 20 ಕಾದಂಬರಿಗಳು, 1977ರಿಂದ 1994ರವರೆಗೆ. ಮೊದಲನೆಯದು ‘ಎ ಮಾರ್ಬಿಡ್ ಟೇಸ್ಟ್ ಫಾರ್ ಬೋನ್ಸ್’. ಸರಣಿಯ ಹೆಚ್ಚಿನ ಕತೆಗಳು ಶ್ರೂಸ್‌ಬರಿಯಲ್ಲೇ ನಡೆಯುತ್ತವೆ. ಇದು ಮಾತ್ರ ಬಹುಪಾಲು ವೇಲ್ಸ್‌ನ ಗ್ವಿಥೆರಿನ್ ಹಳ್ಳಿಯಲ್ಲಿ ನಡೆಯುತ್ತದೆ.

ಕತೆಯ ಬೀಜ ನಿಜದ್ದು. ಮಠ ದೊಡ್ಡದಾಗಬೇಕಾದರೆ ಆ ಕಾಲದಲ್ಲಿ ಒಬ್ಬ ಸಂತನ ಅಸ್ಥಿ ಬೇಕಿತ್ತು. ಅಸ್ಥಿ ಇದ್ದರೆ ಪವಾಡ, ಪವಾಡ ಇದ್ದರೆ ಯಾತ್ರಿಕರು, ಯಾತ್ರಿಕರು ಬಂದರೆ ಕಾಣಿಕೆ. ಶ್ರೂಸ್‌ಬರಿ ಮಠದಲ್ಲಿ ಅದು ಇರಲಿಲ್ಲ. 1138ರಲ್ಲಿ ಆ ಮಠದ ಪ್ರಯರ್ (ಮಠಾಧಿಪತಿಯ ಕೆಳಗಿನ ಹಿರಿಯ ಸನ್ಯಾಸಿ) ರಾಬರ್ಟ್ ಗ್ವಿಥೆರಿನ್‌ಗೆ ಹೋಗಿ ಸಂತ ವಿನಿಫ್ರೆಡ್‌ಳ ಎಲುಬುಗಳನ್ನು ತಂದ ಅನ್ನೋದು ಇತಿಹಾಸ. ಅವನೇ ಅವಳ ಚರಿತ್ರೆಯನ್ನೂ ಬರೆದ. ಪೀಟರ್ಸ್ ಇದನ್ನು ತೆಗೆದುಕೊಂಡು ಹಳ್ಳಿಯ ಕಡೆಯಿಂದ ನೋಡುತ್ತಾರೆ. ನಮ್ಮ ಊರಿನ ಹುಡುಗಿ, ನಮ್ಮ ಮಣ್ಣಿನಲ್ಲಿ ಮಲಗಿದ್ದಾಳೆ, ಅವಳನ್ನು ಅಗೆದುಕೊಂಡು ಹೋಗಲು ನೀವು ಯಾರು? ಊರಿನ ದೊಡ್ಡ ಹಿಡುವಳಿದಾರ ರಿಷಿಯಾರ್ಟ್ ಎದ್ದು ನಿಂತು ಇದನ್ನೇ ಹೇಳುತ್ತಾನೆ. ಪ್ರಯರ್ ಅವನಿಗೆ ಹಣ ಕೊಡಲು ಹೋಗುತ್ತಾನೆ. ರಿಷಿಯಾರ್ಟ್ ಕೋಪದಿಂದ ಎದ್ದು ಹೋಗುತ್ತಾನೆ. ಆಮೇಲೆ ಕಾಡಿನಲ್ಲಿ ಅವನ ಹೆಣ ಸಿಗುತ್ತದೆ, ಎದೆಯಲ್ಲಿ ಬಾಣ.

ಕ್ಯಾಡ್‌ಫೈಲ್ ಆ ತಂಡದಲ್ಲಿ ಯಾಕಿದ್ದಾನೆ? ದುಭಾಷಿಯಾಗಿ. ಪ್ರಯರ್‌ಗೆ ವೆಲ್ಷ್ ಬರಲ್ಲ, ಹಳ್ಳಿಯವರಿಗೆ ಇಂಗ್ಲಿಷ್ ಬರಲ್ಲ. ಪ್ರಯರ್ ಹೇಳಿದ್ದು ಹಳ್ಳಿಗೆ ಮುಟ್ಟಬೇಕಾದರೂ, ಹಳ್ಳಿ ಹೇಳಿದ್ದು ಪ್ರಯರ್‌ಗೆ ಮುಟ್ಟಬೇಕಾದರೂ ಇವನ ಬಾಯಿಂದಲೇ ಹೋಗಬೇಕು. ಇಡೀ ಕಾದಂಬರಿಯಲ್ಲಿ ನನಗೆ ಅತಿ ಇಷ್ಟವಾದದ್ದು ಇದು. ಪ್ರಯರ್ ಎತ್ತರಕ್ಕೆ, ಗಂಭೀರವಾಗಿ ನಿಂತು ಮಾತಾಡುತ್ತಾನೆ, ತಾನು ಎಲ್ಲವನ್ನೂ ನಡೆಸುತ್ತಿದ್ದೇನೆ ಅಂದುಕೊಂಡಿದ್ದಾನೆ. ಸಂಜೆಯಾದರೆ ಕ್ಯಾಡ್‌ಫೈಲ್ ಕಮ್ಮಾರ ಬೆನೆಡ್‌ನ ಮನೆಯಲ್ಲಿ ಕೂತು ಅವರ ಜೊತೆ ಕುಡಿಯುತ್ತಾ, ತನ್ನ ಮಾತೃಭಾಷೆಯಲ್ಲಿ ಹರಟುತ್ತಿರುತ್ತಾನೆ. ಅಲ್ಲಿ ಸಿಗುವ ಸುದ್ದಿ ಪ್ರಯರ್‌ನ ಕನಸಿನಲ್ಲೂ ಬರುವಂಥದ್ದಲ್ಲ. ಅವನು ಬೇಹುಗಾರಿಕೆ ಮಾಡುತ್ತಿಲ್ಲ, ಊರಿಗೆ ಬಂದ ಸಂತೋಷದಲ್ಲಿ ಕೂತಿದ್ದಾನೆ. ಅದಕ್ಕೇ ಜನ ಹೇಳುತ್ತಾರೆ. ಎರಡು ಕಡೆಗೂ ಸೇರಿದವನು, ಎರಡು ಕಡೆಯಲ್ಲೂ ಪೂರ್ತಿ ಒಳಗಿಲ್ಲದವನು, ಹೊಸ್ತಿಲ ಮೇಲೆ ನಿಂತವನು. ಪತ್ತೇದಾರನಿಗೆ ಇದಕ್ಕಿಂತ ಒಳ್ಳೆಯ ಜಾಗವನ್ನು ನಾನು ಬೇರೆ ಯಾವ ಕಾದಂಬರಿಯಲ್ಲೂ ನೋಡಿಲ್ಲ.

ಸರಣಿಯ ಮೂರನೆಯದು ‘ಮಂಕ್ಸ್‌ಹುಡ್’. ಅದಕ್ಕೆ 1980ರಲ್ಲಿ ಬ್ರಿಟನ್ನಿನ ಅಪರಾಧ ಸಾಹಿತ್ಯದ ಸಿಲ್ವರ್ ಡ್ಯಾಗರ್ ಪ್ರಶಸ್ತಿ ಬಂತು. ಹೆಸರೇ ಒಂದು ವಿಷದ ಗಿಡದ್ದು. ನಮ್ಮ ಆಯುರ್ವೇದದವರು ಶುದ್ಧಿ ಮಾಡಿ ಬಳಸುವ ವತ್ಸನಾಭಿಯೂ ಅದೇ ಕುಲದ ಗಿಡ. ಕ್ಯಾಡ್‌ಫೈಲ್ ಕೀಲುನೋವಿಗೆ ಅಂತ ತಾನೇ ಕಾಯಿಸಿಟ್ಟ ಎಣ್ಣೆಯಿಂದ ಒಬ್ಬ ಸಾಯುತ್ತಾನೆ. ಹಚ್ಚಿದರೆ ಮದ್ದು, ಹೊಟ್ಟೆಗೆ ಹೋದರೆ ಸಾವು. ಆದರೆ ಕತೆಯ ಕೀಲಿ ವಿಷದಲ್ಲಿಲ್ಲ, ಕಾನೂನಿನಲ್ಲಿದೆ. ಮದುವೆಯ ಹೊರಗೆ ಹುಟ್ಟಿದ ಮಗನಿಗೆ ಇಂಗ್ಲೆಂಡಿನ ಕಾನೂನಿನಲ್ಲಿ ಆಸ್ತಿಯ ಹಕ್ಕಿರಲಿಲ್ಲ. ಹಳೆಯ ವೆಲ್ಷ್ ಕಾನೂನಿನಲ್ಲಿ ಅಪ್ಪ ಒಪ್ಪಿಕೊಂಡಿದ್ದರೆ ಸಾಕು, ಅವನೂ ಮಗನೇ, ಅವನಿಗೂ ಪಾಲು. ಹಾಗಾದರೆ ಒಂದು ಜಮೀನು ಗಡಿಯ ಯಾವ ಪಕ್ಕದಲ್ಲಿದೆ ಅನ್ನೋದು ಎಷ್ಟು ದೊಡ್ಡ ಮಾತಾಗುತ್ತದೆ! ಇದಕ್ಕಿಂತ ಹೆಚ್ಚು ಹೇಳಿದರೆ ಓದುವವರ ಸಂತೋಷ ಕೆಡುತ್ತದೆ. ವೇಲ್ಸ್ ಇಲ್ಲಿ ಬರೀ ಬೆಟ್ಟ, ಮಂಜು ಆಗಿ ಹಿಂದೆ ನಿಂತಿಲ್ಲ, ತನ್ನದೇ ನ್ಯಾಯ ಇಟ್ಟುಕೊಂಡ ನಾಡಾಗಿ ಮುಂದೆ ಬಂದು ಕತೆ ನಡೆಸುತ್ತದೆ ಅನ್ನೋದನ್ನಷ್ಟೇ ಹೇಳಿ ನಿಲ್ಲಿಸುತ್ತೇನೆ.

ಕಾದಂಬರಿ ಪಕ್ಕಕ್ಕಿಟ್ಟು ಒಂದು ನಿಜವಾದ ಪ್ರಕರಣ ಹೇಳಲೇಬೇಕು. ವೇಲ್ಸ್ ಗಡಿಯ ಹೇ-ಆನ್-ವೈ ಈಗ ಹಳೇ ಪುಸ್ತಕಗಳ ಊರು ಅಂತ ಹೆಸರುವಾಸಿ. 1988ರಿಂದ ಅಲ್ಲಿ ನಡೆಯುವ ಸಾಹಿತ್ಯ ಹಬ್ಬವನ್ನು ನಮ್ಮಲ್ಲೂ ಅನೇಕರು ಬಲ್ಲರು. ನೂರು ವರ್ಷದ ಹಿಂದೆ ಅದು ಒಂದು ಸಣ್ಣ ಸಂತೆ ಪೇಟೆ. ಊರಲ್ಲಿ ಇಬ್ಬರು ಪೈಪೋಟಿಯ ವಕೀಲರು, ಒಂದೇ ಬೀದಿಯಲ್ಲಿ. ಒಬ್ಬ ಮೇಜರ್ ಹರ್ಬರ್ಟ್ ರೌಸ್ ಆರ್ಮ್‌ಸ್ಟ್ರಾಂಗ್, ಮ್ಯಾಜಿಸ್ಟ್ರೇಟರ ಕೋರ್ಟಿನ ಗುಮಾಸ್ತನೂ ಅವನೇ. ಇನ್ನೊಬ್ಬ ಆಸ್ವಾಲ್ಡ್ ಮಾರ್ಟಿನ್, ವಯಸ್ಸಲ್ಲಿ ಚಿಕ್ಕವನು. ಇಬ್ಬರ ನಡುವೆ ಒಂದು ಆಸ್ತಿ ಮಾರಾಟದ ವ್ಯವಹಾರ ಸಿಕ್ಕಿಹಾಕಿಕೊಂಡಿತ್ತು. 1921ರ ಅಕ್ಟೋಬರ್ 26ರಂದು ಆರ್ಮ್‌ಸ್ಟ್ರಾಂಗ್ ಮಾರ್ಟಿನ್‌ನನ್ನು ಮನೆಗೆ ಚಹಾಕ್ಕೆ ಕರೆದ. ಬೆಣ್ಣೆ ಹಚ್ಚಿದ ಸ್ಕೋನ್ ಒಂದನ್ನು, ಕೈಯಲ್ಲಿ ಕೊಡುತ್ತಿದ್ದೇನೆ ಕ್ಷಮಿಸಿ ಅಂತ ಹೇಳಿ, ತಾನೇ ಎತ್ತಿಕೊಟ್ಟ. ಆ ರಾತ್ರಿ ಮಾರ್ಟಿನ್‌ಗೆ ವಿಪರೀತ ವಾಂತಿ.

ಇಲ್ಲಿ ಬರುತ್ತಾನೆ ನನ್ನ ಹವ್ಯಾಸಿ ಪತ್ತೇದಾರ. ಮಾರ್ಟಿನ್‌ನ ಮಾವ ಜಾನ್ ಡೇವಿಸ್ ಹೇ ಪೇಟೆಯ ಔಷಧಿ ಅಂಗಡಿಯವನು. ಅಳಿಯನ ಸ್ಥಿತಿ ನೋಡಿದಾಗ ಅವನಿಗೆ ಒಂದು ವಿಷಯ ನೆನಪಾಯಿತು. ಆರ್ಮ್‌ಸ್ಟ್ರಾಂಗ್ ತೋಟದ ಕಳೆ ಕೊಲ್ಲಲು ಅಂತ ತನ್ನ ಅಂಗಡಿಯಲ್ಲಿ ಆರ್ಸೆನಿಕ್ ಕೊಂಡಿದ್ದ. 1851ರ ಕಾನೂನಿನ ಪ್ರಕಾರ ಆರ್ಸೆನಿಕ್ ಮಾರಿದವರು ಯಾರಿಗೆ, ಎಷ್ಟು, ಯಾಕೆ ಅಂತ ಪುಸ್ತಕದಲ್ಲಿ ಬರೆದಿಡಬೇಕಿತ್ತು. ಡೇವಿಸ್ ಒಂದಕ್ಕೊಂದು ಕೂಡಿಸಿದ. ಕೆಲವು ವಾರಗಳ ಹಿಂದೆ ಯಾರೋ ಹೆಸರಿಲ್ಲದೆ ಅಳಿಯನ ಮನೆಗೆ ಚಾಕೊಲೇಟ್ ಪೆಟ್ಟಿಗೆ ಕಳಿಸಿದ್ದರು. ಅದನ್ನು ತಿಂದ ನೆಂಟರ ಹೆಂಗಸಿಗೂ ಹೀಗೇ ಆಗಿತ್ತು. ಡೇವಿಸ್ ಡಾಕ್ಟರ್ ಹಿಂಕ್ಸ್ ಹತ್ತಿರ ಹೋಗಿ ಅನುಮಾನ ಹೇಳಿದ. ಡಾಕ್ಟರು ಮಾರ್ಟಿನ್‌ನ ಮೂತ್ರದ ಮಾದರಿಯನ್ನು ಲಂಡನ್ನಿಗೆ ಪರೀಕ್ಷೆಗೆ ಕಳಿಸಿದರು. ಅದರಲ್ಲಿ ಆರ್ಸೆನಿಕ್ ಸಿಕ್ಕಿತು. ಡಾಕ್ಟರಿಗೂ ಆಗ ಇನ್ನೊಂದು ಸಾವು ನೆನಪಿಗೆ ಬಂತು. ಅದೇ ವರ್ಷ ಫೆಬ್ರವರಿ 22ರಂದು ಆರ್ಮ್‌ಸ್ಟ್ರಾಂಗ್‌ನ ಹೆಂಡತಿ ಕ್ಯಾಥರಿನ್ ತೀರಿಕೊಂಡಿದ್ದಳು. ಆಗ ಅದನ್ನು ಕಾಯಿಲೆಯ ಸಾವು ಅಂತಲೇ ಬರೆದಿದ್ದರು.

ಇದರ ಮುಂದಿನ ಭಾಗ ಯಾವ ಕಾದಂಬರಿಗಿಂತಲೂ ಭಯಂಕರ. ಪೊಲೀಸರು ಗುಟ್ಟಾಗಿ ತನಿಖೆ ನಡೆಸುತ್ತಿದ್ದರು. ಆರ್ಮ್‌ಸ್ಟ್ರಾಂಗ್‌ಗೆ ಅನುಮಾನ ಬರಬಾರದು, ಹಾಗಾಗಿ ಯಾರೂ ಬಾಯಿ ಬಿಡುವ ಹಾಗಿಲ್ಲ. ಅತ್ತ ಆರ್ಮ್‌ಸ್ಟ್ರಾಂಗ್ ಮತ್ತೆ ಮತ್ತೆ ಮಾರ್ಟಿನ್‌ನನ್ನು ಚಹಾಕ್ಕೆ ಕರೆಯುತ್ತಲೇ ಇದ್ದ. ವಾರಗಟ್ಟಲೆ ಮಾರ್ಟಿನ್ ಏನೇನೋ ನೆಪ ಹೇಳಿ ತಪ್ಪಿಸಿಕೊಳ್ಳಬೇಕಾಯಿತು. ಒಂದೇ ಬೀದಿ, ದಿನಾ ಮುಖ ನೋಡಬೇಕು, ನಗಬೇಕು, ಇವತ್ತು ಆಗಲ್ಲ ಅನ್ನಬೇಕು. ಕೊನೆಗೆ ಡಿಸೆಂಬರ್ 31ರಂದು ಆರ್ಮ್‌ಸ್ಟ್ರಾಂಗ್‌ನನ್ನು ಅವನ ಕಚೇರಿಯಲ್ಲೇ ಹಿಡಿದರು. ಅವನ ಜೇಬಿನಲ್ಲಿ ಆರ್ಸೆನಿಕ್‌ನ ಒಂದು ಸಣ್ಣ ಪೊಟ್ಟಣ ಸಿಕ್ಕಿತು. ಹೆಂಡತಿಯ ಹೆಣ ಹೊರಗೆ ತೆಗೆದರು, ಅದರಲ್ಲೂ ಆರ್ಸೆನಿಕ್. ಹೆರೆಫರ್ಡ್‌ನಲ್ಲಿ ವಿಚಾರಣೆ ನಡೆದು, 1922ರ ಮೇ 31ರಂದು ಗ್ಲಾಸ್ಟರ್ ಜೈಲಿನಲ್ಲಿ ನೇಣಾಯಿತು. ಬ್ರಿಟನ್ನಿನಲ್ಲಿ ಕೊಲೆಗಾಗಿ ನೇಣಿಗೇರಿದ ಒಬ್ಬನೇ ಸಾಲಿಸಿಟರ್ ಅವನು. ಎಷ್ಟೋ ವರ್ಷ ಕಳೆದ ಮೇಲೆ ಅದೇ ಮನೆಯಲ್ಲಿ ವಾಸವಿದ್ದ, ಅದೇ ಕಚೇರಿಯಲ್ಲಿ ಕೆಲಸ ಮಾಡಿದ ಇನ್ನೊಬ್ಬ ವಕೀಲರು ಅವನು ನಿರಪರಾಧಿ ಅಂತ ಒಂದು ಪುಸ್ತಕವನ್ನೇ ಬರೆದರು.

ಕೋಝಿ ಕತೆಗಳಲ್ಲಿ ಚಹಾ ಅಂದರೆ ನೆಮ್ಮದಿ. ಹೇ ಪೇಟೆಯ ಆ ಎರಡು ತಿಂಗಳಲ್ಲಿ ಚಹಾದ ಕರೆ ಬಂದರೆ ಮೈ ನಡುಗುತ್ತಿತ್ತು. ಆದರೆ ನನಗೆ ಮುಖ್ಯವಾಗಿ ಕಾಣುವುದು ಡೇವಿಸ್. ಅವನು ಬುದ್ಧಿ ತೋರಿಸಲು ಹೊರಟವನಲ್ಲ. ತನ್ನ ಕೆಲಸ ತನಗೆ ಗೊತ್ತಿತ್ತು, ಯಾರು ಏನು ಕೊಂಡರು ನೆನಪಿತ್ತು, ಮಗಳ ಸಂಸಾರದ ಭಯ ಇತ್ತು. ಲಂಡನ್ನಿನ ದೊಡ್ಡ ಪತ್ತೇದಾರರು ಬರುವ ಮೊದಲೇ ಪ್ರಕರಣದ ಅರ್ಧ ಭಾಗ ಒಂದು ಔಷಧಿ ಅಂಗಡಿಯ ಕೌಂಟರಿನ ಹಿಂದೆ ಬಿಡಿಸಿ ಆಗಿತ್ತು. ಹಳ್ಳಿಯ ಪತ್ತೇದಾರರು ನಂಬುವಂಥವರಲ್ಲ ಅನ್ನುವವರಿಗೆ ನಾನು ಯಾವಾಗಲೂ ಇವನ ಕತೆ ಹೇಳುತ್ತೇನೆ.

ಮತ್ತೆ ಕಾದಂಬರಿಗೆ ಬರೋಣ. ರೀಸ್ ಬೋವೆನ್ ಬರೆದ ಕಾನ್‌ಸ್ಟೇಬಲ್ ಇವಾನ್ ಇವಾನ್ಸ್ ಸರಣಿಯಲ್ಲಿ 1997ರಿಂದ 2006ರ ನಡುವೆ 10 ಪುಸ್ತಕ ಬಂದವು. ಲೇಖಕಿ ಹುಟ್ಟಿದ್ದು ಇಂಗ್ಲೆಂಡಿನ ಬಾತ್‌ನಲ್ಲಿ, ಇರುವುದು ಕ್ಯಾಲಿಫೋರ್ನಿಯಾದಲ್ಲಿ. ಇವಾನ್ ಪೊಲೀಸೇ ಆದರೂ ಮೊದಲ ಪುಸ್ತಕಗಳಲ್ಲಿ ಬೀದಿ ಕಾಯುವ ಬರೀ ಕಾನ್‌ಸ್ಟೇಬಲ್. ಕೊಲೆ ತನಿಖೆ ಅವನ ಕೆಲಸವಲ್ಲ. ಮೇಲಿನವರು ಬಂದು, ನೀನು ದೂರ ಇರು ಅನ್ನುತ್ತಾರೆ. ಹಾಗಾಗಿ ಅವನನ್ನೂ ನಾನು ಹವ್ಯಾಸಿಗಳ ಸಾಲಿಗೇ ಸೇರಿಸುತ್ತೇನೆ. ಊರು ಎರೆರಿ ಬೆಟ್ಟಗಳ ಅಡಿಯಲ್ಲಿರುವ, ಕಲ್ಪನೆಯ ಲ್ಯಾನ್‌ವೈರ್. ವೇಲ್ಸ್‌ನ ಅತಿ ಎತ್ತರದ ಶಿಖರ, 1,085 ಮೀಟರಿನ ಸ್ನೋಡನ್, ಅಲ್ಲೇ ಹತ್ತಿರ.

ಆ ಊರಲ್ಲಿ ಇವಾನ್ಸ್ ಅನ್ನೋ ಅಡ್ಡಹೆಸರು ಎಷ್ಟೋ ಜನಕ್ಕಿದೆ. ಅದಕ್ಕೇ ಮಾಂಸದ ಇವಾನ್ಸ್, ಹಾಲಿನ ಇವಾನ್ಸ್ ಅಂತ ಕೆಲಸ ಸೇರಿಸಿ ಕರೆಯುತ್ತಾರೆ. ಇದು ನಗಿಸಲು ಮಾಡಿದ್ದಲ್ಲ, ವೇಲ್ಸ್‌ನಲ್ಲಿ ನಿಜವಾಗಿ ನಡೆದುಬಂದದ್ದು. ಹಿಂದೆ ಅಲ್ಲಿ ಕುಟುಂಬದ ಹೆಸರು ಇರಲಿಲ್ಲ. ಇಂಥವನ ಮಗ ಇಂಥವನು ಅಂತ ಅಪ್ಪನ ಹೆಸರು ಹೇಳುತ್ತಿದ್ದರು. 16ನೇ ಶತಮಾನದಿಂದ ಇಂಗ್ಲಿಷರ ಆಡಳಿತದ ಪದ್ಧತಿಗೆ ಒಗ್ಗಿಕೊಳ್ಳುತ್ತಾ ಬಂದಾಗ ಅಪ್ಪನ ಹೆಸರೇ ಕುಟುಂಬದ ಹೆಸರಾಗಿ ನಿಂತಿತು. ಅಪ್ಪಂದಿರ ಹೆಸರುಗಳೇ ಕಡಿಮೆ ಇದ್ದದ್ದರಿಂದ ಊರ ತುಂಬ ಜೋನ್ಸ್, ಡೇವಿಸ್, ವಿಲಿಯಮ್ಸ್, ಇವಾನ್ಸ್. ನಮ್ಮಲ್ಲಿ ಗಿರಣಿ ಮಂಜಣ್ಣ, ಸೊಸೈಟಿ ಮಂಜಣ್ಣ ಅಂತ ಕರೆದ ಹಾಗೇ. ಪತ್ತೇದಾರಿ ಕತೆಗೆ ಇದು ಚಿನ್ನದ ಗಣಿ. ಒಂದು ಚೀಟಿಯಲ್ಲಿ ‘ಇವಾನ್ಸ್’ ಅಂತಷ್ಟೇ ಬರೆದಿದ್ದರೆ ಹೊರಗಿನ ಇನ್‌ಸ್ಪೆಕ್ಟರ್‌ಗೆ ಅದರಿಂದ ಏನೂ ತಿಳಿಯದು.

ಬೋವೆನ್‌ರ ಊರಲ್ಲಿ ಎದುರು ಬದುರು ಎರಡು ಚಾಪೆಲ್‌ಗಳು, ಇಬ್ಬರು ಪಾದ್ರಿಗಳು, ಇಬ್ಬರಿಗೂ ಆಗಿಬರಲ್ಲ. ಬಾಗಿಲ ಮುಂದಿನ ಹಲಗೆಯ ಮೇಲೆ ಬೈಬಲ್ ವಾಕ್ಯ ಬರೆದು ಒಬ್ಬರಿಗೊಬ್ಬರು ಉತ್ತರ ಕೊಡುತ್ತಾರೆ. ಓದಲು ಖುಷಿಯಾಗುತ್ತದೆ. ಚಾಪೆಲ್‌ಗಳ ಹಿಡಿತ ಎಷ್ಟಿತ್ತು ಅಂದರೆ 1881ರ ಕಾನೂನು ಬಂದ ಮೇಲೆ ಭಾನುವಾರ ವೇಲ್ಸ್‌ನಲ್ಲಿ ಪಬ್ ತೆರೆಯುವ ಹಾಗಿರಲಿಲ್ಲ. 1961ರಿಂದ ಒಂದೊಂದೇ ಜಿಲ್ಲೆ ಮತ ಹಾಕಿ ಇದನ್ನು ತೆಗೆದುಹಾಕುತ್ತಾ ಬಂತು. ಕೊನೆಯದಾಗಿ ಉಳಿದದ್ದು ವಾಯವ್ಯದ ಡ್ವೈವೋರ್, 1996ರವರೆಗೆ.

ಇಷ್ಟೆಲ್ಲ ಮೆಚ್ಚಿದ ಮೇಲೂ ಒಂದು ಕೊರಗು ನನಗಿದೆ. ಈ ಊರುಗಳ ನಿಜವಾದ ಗಾಯಗಳನ್ನು ಹೆಚ್ಚಿನ ಕೋಝಿಗಳು ಮುಟ್ಟುವುದಿಲ್ಲ. ಕೊಲೆಗೆ ಕಾರಣ ಬೇಕು ಅಂದಾಗ ವಿಲ್ಲು, ಕದ್ದ ಚಿತ್ರ, ಹಳೆಯ ಪ್ರೇಮ ಇಂಥದ್ದನ್ನು ತರುತ್ತಾರೆ. ಅದೆಲ್ಲ ಯಾವ ಊರಲ್ಲಿ ಬೇಕಾದರೂ ಆಗಬಹುದಲ್ವಾ? ಬೆಥೆಸ್ಡಾ ಊರನ್ನೇ ನೋಡಿ. ಪೆನ್ರಿನ್ ಸ್ಲೇಟ್ ಗಣಿಯ ಕೆಲಸಗಾರರು 1900ರ ನವೆಂಬರಿನಿಂದ 1903ರ ನವೆಂಬರಿನವರೆಗೆ ಮೂರು ವರ್ಷ ಮುಷ್ಕರ ಹೂಡಿ ಹೊರಗೆ ನಿಂತರು. ಹಸಿವು ತಾಳದೆ ಕೆಲವರು ಕೆಲಸಕ್ಕೆ ಮರಳಿದರು. ಉಳಿದವರು ಕಿಟಕಿಗಳಲ್ಲಿ ಈ ಮನೆಯಲ್ಲಿ ದ್ರೋಹಿಯಿಲ್ಲ ಅಂತ ವೆಲ್ಷ್‌ನಲ್ಲಿ ಅಚ್ಚಾದ ಚೀಟಿ ಅಂಟಿಸಿದರು. ಯಾರ ಕಿಟಕಿಯಲ್ಲಿ ಚೀಟಿ ಇತ್ತು, ಯಾರದ್ದರಲ್ಲಿ ಇರಲಿಲ್ಲ ಅನ್ನೋದನ್ನು ಊರು ತಲೆಮಾರುಗಳವರೆಗೆ ನೆನಪಿಟ್ಟುಕೊಂಡಿತು. ಮದುವೆ ಸಂಬಂಧ, ಅಂಗಡಿ, ಚಾಪೆಲ್ ಎಲ್ಲಕ್ಕೂ ಆ ನೆನಪು ಬಂತು. ಇಂಥ ಊರಲ್ಲಿ ಒಂದು ಸಾವಾದರೆ ಪತ್ತೇದಾರರು ಮೊದಲು ಕೇಳಬೇಕಾದದ್ದು ಅಜ್ಜಂದಿರ ಬಗ್ಗೆ.

ಅಥವಾ ಕಾಪೆಲ್ ಕೆಲಿನ್ ಹಳ್ಳಿ. ಲಿವರ್‌ಪೂಲ್ ನಗರಕ್ಕೆ ನೀರು ಬೇಕು ಅಂತ ಆ ಹಳ್ಳಿಯಿದ್ದ ಟ್ರವೆರಿನ್ ಕಣಿವೆಗೆ ಅಣೆಕಟ್ಟು ಕಟ್ಟಿದರು. 1957ರಲ್ಲಿ ಅದಕ್ಕೆ ಸಂಸತ್ತಿನ ಒಪ್ಪಿಗೆ ಸಿಕ್ಕಿತು, ವೇಲ್ಸ್‌ನ ಒಬ್ಬ ಸಂಸದರೂ ಪರವಾಗಿ ಮತ ಹಾಕಲಿಲ್ಲ. 1965ರ ಹೊತ್ತಿಗೆ ಮನೆ, ಶಾಲೆ, ಅಂಚೆ ಕಚೇರಿ, ಚಾಪೆಲ್, ಅದರ ಸ್ಮಶಾನ ಎಲ್ಲ ನೀರಿನಡಿ. ಪೂರ್ತಿ ವೆಲ್ಷ್ ಮಾತಾಡುತ್ತಿದ್ದ ಊರು. ಟ್ರವೆರಿನ್ ಮರೆಯಬೇಡಿ ಅಂತ ರಸ್ತೆ ಪಕ್ಕದ ಹಾಳು ಗೋಡೆಯೊಂದರ ಮೇಲೆ ಬರೆದ ಅಕ್ಷರಗಳಿಗೆ ಇಂದಿಗೂ ಬಣ್ಣ ಹಚ್ಚುತ್ತಾ ಬಂದಿದ್ದಾರೆ.

ಈಗಿನ ಗಾಯ ರಜೆ ಮನೆಗಳದ್ದು. ಹೊರಗಿನವರು ದೊಡ್ಡ ಬೆಲೆಗೆ ಮನೆ ಕೊಳ್ಳುತ್ತಾರೆ, ವರ್ಷದಲ್ಲಿ ಕೆಲವು ವಾರ ಬಂದು ಹೋಗುತ್ತಾರೆ. ಊರಿನ ಹುಡುಗರಿಗೆ ಮನೆ ಸಿಗಲ್ಲ. ಮಕ್ಕಳಿಲ್ಲದೆ ಶಾಲೆ ಮುಚ್ಚುತ್ತದೆ. ಅದರ ಜೊತೆ ಭಾಷೆಯೂ ಹೋಗುತ್ತದೆ. 1979ರಿಂದ 90ರ ದಶಕದ ಶುರುವಿನವರೆಗೆ ಇಂಥ ಮನೆಗಳಿಗೆ ಗುಟ್ಟಾಗಿ ಬೆಂಕಿ ಇಡುವ ಚಳವಳಿಯೇ ನಡೆಯಿತು. ಈಗ ದಾರಿ ಕಾನೂನಿನದು. 2023ರ ಏಪ್ರಿಲ್‌ನಿಂದ ಗ್ವಿನೆಥ್ ಕೌನ್ಸಿಲ್ ಎರಡನೇ ಮನೆಗಳ ಮೇಲೆ ಶೇಕಡ 150ರಷ್ಟು ಹೆಚ್ಚುವರಿ ತೆರಿಗೆ ಹಾಕಿದೆ. ಕೋಝಿ ಕಾದಂಬರಿಯ ಮುಖಪುಟದ ಆ ಮುದ್ದಾದ ಕಲ್ಲಿನ ಮನೆ ಯಾರದ್ದು, ಚಳಿಗಾಲದಲ್ಲಿ ಅದರ ದೀಪ ಉರಿಯುತ್ತದೆಯಾ ಅನ್ನೋದು ಅಲ್ಲಿನವರಿಗೆ ದೊಡ್ಡ ಪ್ರಶ್ನೆ. ಆ ಪ್ರಶ್ನೆಯ ಮೇಲೆ ಕಾದಂಬರಿ ನಿಲ್ಲಿಸಿದರೆ ಹಿತ ಕೆಡುತ್ತದೆ ಅಂತ ಲೇಖಕರು ಹೆದರುತ್ತಾರೋ ಏನೋ. ಕೆಡಬೇಕಿಲ್ಲ. ಸಂತನ ಎಲುಬು ಹೊತ್ತುಕೊಂಡು ಹೋದ ಕತೆಯೂ ಹಳ್ಳಿಯ ಸ್ವತ್ತನ್ನು ದೊಡ್ಡವರು ಎತ್ತಿಕೊಂಡು ಹೋದ ಕತೆಯೇ ಅಲ್ವಾ? ಅದನ್ನು ಪೀಟರ್ಸ್ ಎಷ್ಟು ನಗುನಗುತ್ತಾ, ಎಷ್ಟು ಮೃದುವಾಗಿ ಹೇಳಿದರು!

ಇನ್ನೊಂದು ಮಾತು. ನಾನು ಹೇಳಿದ ಮೂವರು ಲೇಖಕಿಯರಲ್ಲಿ ಒಬ್ಬರು ಕೆನಡಾದವರು, ಒಬ್ಬರು ಕ್ಯಾಲಿಫೋರ್ನಿಯಾದಲ್ಲಿರುವವರು, ಒಬ್ಬರು ಗಡಿಯ ಇಂಗ್ಲೆಂಡ್ ಬದಿಯವರು. ಮೂವರೂ ಬರೆದದ್ದು ಇಂಗ್ಲಿಷಿನಲ್ಲಿ. ಅವರ ಪತ್ತೇದಾರರು ಹೊಸ್ತಿಲಲ್ಲಿ ನಿಲ್ಲುವುದಕ್ಕೆ ಲೇಖಕರೂ ಅಲ್ಲೇ ನಿಂತಿರುವುದು ಒಂದು ಕಾರಣ ಇರಬೇಕು. ಅದರಿಂದ ಒಳ್ಳೆಯದಾಗಿದೆ, ನಾನು ಮೇಲೆ ಹೇಳಿದ್ದೆಲ್ಲ ಆ ಒಳ್ಳೆಯದರ ಬಗ್ಗೆಯೇ. ಟಿವಿಯವರು ಬೇರೆ ದಾರಿ ಹಿಡಿದರು. 2013ರಲ್ಲಿ ಬಂದ, ಅಬೆರಿಸ್ಟ್‌ವಿತ್ ಕಡೆಯ ‘ಅ ಗ್ವಿಲ್’ ಅನ್ನೋ ಪೊಲೀಸ್ ಸರಣಿಯನ್ನು ವೆಲ್ಷ್‌ನಲ್ಲಿ ಒಮ್ಮೆ, ಇಂಗ್ಲಿಷಿನಲ್ಲಿ ಒಮ್ಮೆ ಅಂತ ಎರಡು ಸಲ ಚಿತ್ರೀಕರಿಸಿದರು. ಅದು ಕತ್ತಲೆಯ, ಭಾರವಾದ ಕತೆ, ಕೋಝಿ ಅಲ್ಲವೇ ಅಲ್ಲ. ಆದರೂ ನಟರು ತಮ್ಮ ಭಾಷೆಯಲ್ಲಿ ಸುಳ್ಳು ಹೇಳುವುದನ್ನು, ತಡವರಿಸುವುದನ್ನು ಕೇಳಿದಾಗ ಇಷ್ಟು ದಿನ ಏನು ಸಿಗುತ್ತಿರಲಿಲ್ಲ ಅಂತ ಗೊತ್ತಾಗುತ್ತದೆ.

ನನಗೆ ಬೇಕಿರುವ ಕಾದಂಬರಿ ಒಂದಿದೆ. ಪತ್ತೇದಾರಳು ಊರೂರಿಗೆ ಪುಸ್ತಕದ ವ್ಯಾನ್ ಓಡಿಸುವ ಹೆಂಗಸಾಗಿರಲಿ, ಹುಟ್ಟಿದ್ದೇ ಆ ಕಣಿವೆಯಲ್ಲಿ. ಅವಳು ಅಂಗಡಿಗೆ ಬಂದರೆ ಯಾರೂ ಭಾಷೆ ಬದಲಿಸಬಾರದು. ಸತ್ತವನು ಮನೆ ಮಾರಾಟದ ದಲ್ಲಾಳಿಯಾಗಿರಲಿ. ಎಲ್ಲರೂ ಎಲ್ಲವನ್ನೂ ಅವಳಿಗೆ ಹೇಳುತ್ತಾರೆ, ಕಷ್ಟ ಶುರುವಾಗುವುದು ಅಲ್ಲೇ. ಹೇಳಿದವರೆಲ್ಲ ಅವಳ ಅತ್ತೆ, ಮಾವ, ಶಾಲೆಯ ಮೇಷ್ಟ್ರು, ಚಾಪೆಲ್‌ನಲ್ಲಿ ಜೊತೆಗೆ ಹಾಡುವವರು. ಗೊತ್ತಾದ ಸತ್ಯವನ್ನು ಅವಳು ಇಂಗ್ಲಿಷ್ ಇನ್‌ಸ್ಪೆಕ್ಟರ್ ಮುಂದೆ ಹೇಳಬೇಕಾ ಬೇಡವಾ? ಇದನ್ನು ವೆಲ್ಷ್‌ನಲ್ಲೇ ಯಾರಾದರೂ ಬರೆಯಲಿ, ಆಮೇಲೆ ಇಂಗ್ಲಿಷಿಗೆ ಬರಲಿ. ಅಂಥದ್ದು ನನ್ನ ಕೈಗೆ ಸಿಕ್ಕ ದಿನವೇ ಕನ್ನಡಕ್ಕೆ ತರಲು ಕೂರುತ್ತೇನೆ.